ಅಡ್ಡ ಎಳೆ

ಹೆಬ್ಬೇವಿನ ದಿಮ್ಮಿ ಎರಡು ದಿನ ತೊಟ್ಟಿಯ ಬಿಸಿನೀರಲ್ಲಿ ನೆನೆದು
ಮಿಷನ್ನಿಗೆ ಬರುವಾಗ
ಎರೆದುಕೊಂಡ ಬಾಣಂತಿಯ ಹಾಗೆ ಹಬೆಯಾಡುತ್ತದೆ.
ಜವರಾಯಿ ಎರಡು ತುದಿಗೂ ಹಿಡಿ ಕೊಟ್ಟು ಲಿವರ್ ಒತ್ತುತ್ತಾನೆ.
ತಿರುಗುವ ಮರ, ನಿಂತ ಅಲಗು.
ಮದುವೆಯ ನಡೆಮಡಿಯಂತೆ ಬಿಚ್ಚುತ್ತ ಬಿಚ್ಚುತ್ತ
ನನ್ನ ಮೇಜಿನವರೆಗೂ ಹಾಸುತ್ತದೆ, ಒದ್ದೆ, ಬೆಚ್ಚಗೆ.

ಬಿರುಕು, ಗಂಟು, ಹುಳ ತಿಂದ ಕಣ್ಣು,
ಎಲ್ಲಕ್ಕೂ ಇಲ್ಲೇ ತೇಪೆ, ಗೋಂದಿನ ಟೇಪು.
ಇಪ್ಪತ್ತೆರಡು ವರ್ಷ.
ಹೆಬ್ಬೆರಳಿನ ಗೆರೆಗಳೆಲ್ಲ ಸವೆದು
ರೇಷನ್ ಅಂಗಡಿಯ ಯಂತ್ರ
ನಾನು ನಾನಲ್ಲ ಅನ್ನುತ್ತದೆ, ತಿಂಗಳಿಗೊಮ್ಮೆ.

ಧಣಿ ಹೇಳಿದ್ದು ಒಂದು ಶನಿವಾರ, ಬೆಳಗೊಳದ ಈ ಶೆಡ್ಡಿನ ಮುಂದೆ,
ಕಾರಿನ ಬಾಗಿಲು ಅರ್ಧ ತೆಗೆದುಕೊಂಡೇ:
ಮಕ್ಕಳಿಗೆ ಬೇಡವಂತೆ. ಯಾರೋ ಗೋಡೌನಿಗೆ ಜಾಗ ಕೇಳಿದಾರೆ.
ನಿಮಗೆ ಬೇಕಿದ್ದರೆ ಮೊದಲು ನಿಮಗೆ.
ನಾವು ನಕ್ಕೆವು.
ಆಮೇಲೆ ಒಬ್ಬೊಬ್ಬರೇ ನಗು ನಿಲ್ಲಿಸಿದೆವು.

ಪಿಎಫ್ ಬಿಡಿಸಿದರು. ಫಿಲೋಮಿನಾ ಚೀಟಿ ಕೂಗಿದಳು, ನಷ್ಟಕ್ಕೆ.
ದೊಡ್ಡಸ್ವಾಮಿ ಎಮ್ಮೆ ಮಾರಿ, ಎರಡು ದಿನ ಹಾಲಿಲ್ಲದ ಟೀ ಕುಡಿದ.
ನಾನು ಎರಡೆಳೆ ಸರ ಅಡವಿಟ್ಟೆ, ಮನೆಯಲ್ಲಿ ಹೇಳದೆ.
ಬ್ಯಾಂಕಿನವರು ಕೇಳಿದರು: ಒಡೆಯರು ಯಾರು?
ಮೈಸೂರಲ್ಲಿ ಆ ಮಾತಿಗೆ
ಕಣ್ಣು ತಾನಾಗಿ ಅರಮನೆ ಕಡೆ ಹೊರಳುತ್ತದಲ್ಲ,
ಹಾಗೇ ನಲವತ್ತೊಂದು ಜನ ಹಿಂದಕ್ಕೆ ತಿರುಗಿ ನೋಡಿದೆವು.
ಹಿಂದೆ ಯಾರೂ ಇರಲಿಲ್ಲ.
ಹೆಬ್ಬೆಟ್ಟು ಮೂಡದೆ
ನಾನು ಅಂದೇ ಸಹಿ ಕಲಿತೆ, ಕೌಂಟರಿನಲ್ಲಿ ನಿಂತು:
ಚಿ ಕ್ಕ ತಾ ಯ ಮ್ಮ.

ಮೊದಲ ವರ್ಷವೇ ಗುಂಡ್ಲುಪೇಟೆಯಿಂದ ಲೋಡು ವಾಪಸ್ಸು.
ಒಂದು ಮಳೆಗೆ ಹಲಗೆಗಳೆಲ್ಲ
ಹಳೇ ಲೆಕ್ಕದ ಪುಸ್ತಕದ ಹಾಗೆ ಪದರ ಬಿಚ್ಚಿದ್ದವು.
ಅಂಟಿಗೆ ನೀರು ಹೆಚ್ಚು ಹಾಕಿದ್ದು ನಾವೇ,
ಉಳಿಸೋಣ ಅಂದದ್ದೂ ನಾವೇ.
ಬಯ್ಯಲು ಧಣಿಯಿಲ್ಲ. ಹಿಂದಿನಿಂದ ಧಣಿಯನ್ನು ಬಯ್ಯುವ ಸುಖವೂ ಇಲ್ಲ.
ಅದರಲ್ಲೊಂದು ಹಲಗೆ ಈಗಲೂ ಆಫೀಸಿನ ಗೋಡೆಯಲ್ಲಿದೆ,
ಫೋಟೋ ಇಡುವ ಕಡೆ.

ಎತ್ತಿದವನು ಇನಾಯತ್. ಮಂಡಿ ಮೊಹಲ್ಲಾದ ಹುಡುಗ,
ಅವನಜ್ಜ ಬೀಟೆ ಹಲಗೆಯಲ್ಲಿ ಮರವನ್ನೇ ಮರಕ್ಕೆ ಕೂರಿಸುತ್ತಿದ್ದವರು:
ಬಿಸಿಲಿಗೆ ಹಲಸು, ಹೊಳೆಯ ನೆರಳಿಗೆ ಬೀಟೆ.
ತೇಗದ ಎರಡು ತೆಳು ಪದರ ಅಕ್ಕಪಕ್ಕ ಬಿಡಿಸಿಟ್ಟು
ನೋಡಕ್ಕ ಅಂದ,
ಎಡದ ಗೆರೆ ಬಲದ ಗೆರೆಗೆ ಕನ್ನಡಿ ಹಿಡಿದಿತ್ತು.
ಬಾಗಿಲು ಮಾಡುವವರು ಹುಣಸೂರಿನಿಂದ ಹುಡುಕಿಕೊಂಡು ಬಂದರು.

ಮೂರನೇ ವರ್ಷ ಕೈಗೆ ಚೂರು ದುಡ್ಡು.
ಎರಡನೇ ಹಾಟ್ ಪ್ರೆಸ್ಸೋ, ಗೌರಿ ಹಬ್ಬಕ್ಕೆ ಬೋನಸ್ಸೋ?
ನಾನು ಬೋನಸ್ಸಿಗೆ ಕೈಯೆತ್ತಿದೆ. ಮೂರು ಕೈ ಕಮ್ಮಿಯಾಯಿತು.
ದೊಡ್ಡಸ್ವಾಮಿ ಸಮಾಧಾನ ಹೇಳಿದ:
ಎಲ್ಲಾ ಎಳೆ ಒಂದೇ ಕಡೆ ಹೋದರೆ ಹಲಗೆ ಬಾಗುತ್ತೆ ಕಣಕ್ಕ,
ಒಂದು ಉದ್ದ, ಒಂದು ಅಡ್ಡ ಇರಬೇಕು.
ಮಾತು ಚೆನ್ನಾಗಿತ್ತು.
ಸರ ಮಾತ್ರ ಇನ್ನೊಂದು ವರ್ಷ ಅಡವಿನಲ್ಲೇ ಇತ್ತು.

ಪ್ರೆಸ್ಸು ಬಂತು, ಲಾರಿಯಿಂದ ಇಳಿಸುವಾಗ ನೆಲ ನಡುಗಿತು.
ಕುಂಕುಮ ಇಟ್ಟವಳು ನಾನೇ, ಸಿಟ್ಟಿನಲ್ಲೇ.
ಈಗ ಅರವತ್ತೆಂಟು ಜನ. ಹೊಸ ಶೆಡ್ಡು, ಎರಡು ಪಾಳಿ,
ಫಾರ್ಮಲಿನ್ ಘಾಟಿಗೆ ಕಣ್ಣು ಉರಿಯುವುದು ಮಾತ್ರ ಹಳೆಯದೇ.
ಅದಕ್ಕೊಂದು ದೊಡ್ಡ ಫ್ಯಾನು ಬೇಕು;
ಮುಂದಿನ ಸಭೆಯಲ್ಲಿ ಕೇಳುವವಳಿದ್ದೇನೆ.

ನಿನ್ನೆ ಸೇರಿದ ಐಟಿಐ ಹುಡುಗ, ಹೆಸರು ಮರಿಸಿದ್ದು,
ನನ್ನ ಮೇಜಿನ ಹತ್ತಿರ ಬಂದು ಮೆಲ್ಲಗೆ:
ಅಕ್ಕ, ಧಣಿ ಯಾವಾಗ ಬರ್ತಾರೆ?
ಹಾಳೆಯೊಂದನ್ನು ಬೆಳಕಿಗೆ ಎತ್ತಿ ಹಿಡಿದಿದ್ದೆ.
ಸಾಸಿವೆಯಷ್ಟು ಒಂದು ತೂತು.
ಒಳಪದರಕ್ಕೆ ಹೋಗುವುದು, ಯಾರಿಗೂ ಕಾಣುತ್ತಿರಲಿಲ್ಲ.

ತಡಿ, ಅಂದೆ.
ಆ ಟೇಪು ಕೊಡು.